ಹಳೇ ಪಿಎಸ್‌2 ಡಿಸ್ಕಿನಿಂದ ಕಂಪ್ಯೂಟರಿಗೆ: ‘ಜ್ಯಾಕ್ ಅಂಡ್ ಡ್ಯಾಕ್ಸ್‌ಟರ್’ ಪೋರ್ಟ್ ಹಾಕಿಕೊಳ್ಳುವುದು ಹೇಗೆ?

“ಅಟ್ಟದ ಮೇಲೆ ಪಿಎಸ್‌2 ಇದೆ, ಡಿಸ್ಕೂ ಇದೆ. ಆದ್ರೆ ಲೆನ್ಸ್ ಹೋಗಿದೆ. ಕಂಪ್ಯೂಟರಲ್ಲಿ ಆಡೋಕಾಗುತ್ತಾ?” ಪಿಎಸ್‌2, ಅಂದರೆ ಸೋನಿಯ ಹಳೇ ಆಟದ ಯಂತ್ರ ಪ್ಲೇಸ್ಟೇಷನ್ 2, ಇಟ್ಟುಕೊಂಡವರಿಂದ ಈ ಪ್ರಶ್ನೆ ನನಗೆ ಬರುತ್ತಲೇ ಇರುತ್ತದೆ. ಅದರ ಬೆನ್ನಿಗೇ ಇನ್ನೊಂದು: “ಓಪನ್‌ಗೋಲ್ ಹಾಕಿದೆ, ಅರ್ಧಕ್ಕೇ ನಿಂತುಹೋಯ್ತು, ಯಾಕೆ?” ‘ಜ್ಯಾಕ್ ಅಂಡ್ ಡ್ಯಾಕ್ಸ್‌ಟರ್’ ಆಟವನ್ನು ಕಂಪ್ಯೂಟರಿಗೆ ತರುವ ಪೋರ್ಟ್‌ನ ಹೆಸರೇ ಓಪನ್‌ಗೋಲ್. ಒಬ್ಬೊಬ್ಬರಿಗೂ ಬೇರೆ ಬೇರೆ ಉತ್ತರ ಬರೆದು ಸಾಕಾಗಿ, ಎಲ್ಲವನ್ನೂ ಇಲ್ಲೇ ಒಂದು ಕಡೆ ಇಟ್ಟಿದ್ದೇನೆ.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ಕೆಲಸ ಕೆಡುವುದು ಆಟದಲ್ಲಲ್ಲ, ಆಟ ಶುರುವಾಗುವ ಮುಂಚೆಯೇ. ಒಂದೋ ಕಂಪ್ಯೂಟರಿಗೆ ಬೇಕಾದ ಸೌಲಭ್ಯ ಇರುವುದಿಲ್ಲ, ಇಲ್ಲವೇ ಡಿಸ್ಕಿನ ಪ್ರತಿ ಸರಿ ಇರುವುದಿಲ್ಲ. ಹಾಗಾಗಿ ದಯವಿಟ್ಟು ಹಂತಗಳನ್ನು ಇದೇ ಕ್ರಮದಲ್ಲಿ ಮಾಡಿ.

ಪೋರ್ಟ್ ಅಂದರೆ ಎಮ್ಯುಲೇಟರ್ ಅಲ್ಲ

ಎಮ್ಯುಲೇಟರ್ ಎಂದರೆ ಕಂಪ್ಯೂಟರಿನೊಳಗೆ ಪಿಎಸ್‌2ರ ವೇಷ ಹಾಕಿಕೊಂಡು ಕೂರುವ ತಂತ್ರಾಂಶ. ಆಟ ಪಿಎಸ್‌2ರ ಭಾಷೆಯಲ್ಲೇ ಮಾತಾಡುತ್ತದೆ, ಎಮ್ಯುಲೇಟರ್ ಪಕ್ಕದಲ್ಲಿ ನಿಂತು ದುಭಾಷಿಯ ಕೆಲಸ ಮಾಡುತ್ತದೆ. ಪೋರ್ಟ್‌ನಲ್ಲಿ ಈ ದುಭಾಷಿ ಇಲ್ಲ. ಆಟದ ಪ್ರೋಗ್ರಾಮನ್ನೇ ಬಿಚ್ಚಿ, ನಿಮ್ಮ ಪ್ರೊಸೆಸರಿಗೆ ನೇರವಾಗಿ ಅರ್ಥವಾಗುವ ಹಾಗೆ ಮತ್ತೆ ಕಟ್ಟಿರುತ್ತಾರೆ. ಹೀಗೆ ಬಿಚ್ಚಿ ಓದುವಂತೆ ಮಾಡುವುದಕ್ಕೆ ಡಿಕಂಪೈಲ್, ಮತ್ತೆ ಕಟ್ಟುವುದಕ್ಕೆ ಕಂಪೈಲ್ ಎನ್ನುತ್ತಾರೆ. ಈ ಎರಡು ಪದ ಮುಂದೆ ಪರದೆಯ ಮೇಲೂ ಕಾಣುತ್ತವೆ, ನೆನಪಿಟ್ಟುಕೊಳ್ಳಿ.

2001ರ ಡಿಸೆಂಬರಿನಲ್ಲಿ ಬಂದ ‘ಜ್ಯಾಕ್ ಅಂಡ್ ಡ್ಯಾಕ್ಸ್‌ಟರ್: ದಿ ಪ್ರಿಕರ್ಸರ್ ಲೆಗಸಿ’ಯ ಕತೆ ಸ್ವಲ್ಪ ವಿಚಿತ್ರ. ಅದನ್ನು ಮಾಡಿದ ನಾಟಿ ಡಾಗ್ ಕಂಪನಿ ಬೇರೆಯವರ ಹಾಗೆ ಸಿ ಭಾಷೆಯಲ್ಲಿ ಬರೆಯಲಿಲ್ಲ. ಲಿಸ್ಪ್ ಎಂಬ ಹಳೆಯ ಭಾಷೆಯ ದಾರಿ ಹಿಡಿದು ತಮ್ಮದೇ ಒಂದು ಭಾಷೆ ಮಾಡಿಕೊಂಡು, ಅದಕ್ಕೆ ಗೋಲ್ ಎಂದು ಹೆಸರಿಟ್ಟು, ಹೆಚ್ಚುಕಡಿಮೆ ಇಡೀ ಆಟವನ್ನು ಅದರಲ್ಲೇ ಬರೆದರು. ಆ ಭಾಷೆಯ ಕಂಪೈಲರ್ ಕಂಪನಿಯ ಹೊರಗೆ ಯಾರ ಬಳಿಯೂ ಇರಲಿಲ್ಲ. ಅಭಿಮಾನಿ ಪ್ರೋಗ್ರಾಮರುಗಳು ಡಿಸ್ಕಿನಲ್ಲಿದ್ದ ಕೋಡ್ ನೋಡಿ ನೋಡಿ ಆ ಭಾಷೆಯನ್ನೇ ಹೊಸದಾಗಿ ಕಟ್ಟಿದರು. ಓಪನ್‌ಗೋಲ್ ಅಂದರೆ ಅದು.

ಇದೇ ಜಾತಿಯ ಪೋರ್ಟ್‌ಗಳು ಇನ್ನೂ ಇವೆ. ನಿಂಟೆಂಡೊ 64ರ ‘ಆಕರಿನಾ ಆಫ್ ಟೈಮ್’ಗೆ 2022ರಲ್ಲಿ ‘ಶಿಪ್ ಆಫ್ ಹಾರ್ಕಿನಿಯನ್’ ಬಂತು. ಎಕ್ಸ್‌ಬಾಕ್ಸ್ 360ರ ‘ಸಾನಿಕ್ ಅನ್‌ಲೀಶ್ಡ್’ಗೆ 2025ರಲ್ಲಿ ಬಂತು. ನಾನು ಜ್ಯಾಕ್ ಆರಿಸಿಕೊಳ್ಳಲು ಕಾರಣ ಸರಳ. ನಿಂಟೆಂಡೊ 64ರ ಕಾರ್ಟ್ರಿಜ್ ಅನ್ನು, ಅಂದರೆ ನಾವು ಕ್ಯಾಸೆಟ್ ಅಂತಿದ್ದ ಆ ಡಬ್ಬಿಯನ್ನು, ಓದಲು ಪ್ರತ್ಯೇಕ ಸಾಧನ ಬೇಕು. ಪಿಎಸ್‌2ರ ಡಿವಿಡಿಗೆ ಸಾಮಾನ್ಯ ಡಿವಿಡಿ ಡ್ರೈವ್ ಸಾಕು.

ಹಂತ 1: ಮೊದಲು ಕಂಪ್ಯೂಟರ್ ನೋಡಿ

ಡಿಸ್ಕ್, ಡ್ರೈವ್, ಕಂಟ್ರೋಲರ್ ಅಂತ ದುಡ್ಡು ಹಾಕುವ ಮುಂಚೆ ಇದನ್ನು ಮಾಡಿ. ನೋಡಬೇಕಾದದ್ದು ಎರಡೇ: ಎವಿಎಕ್ಸ್ ಮತ್ತು ಓಪನ್‌ಜಿಎಲ್ 4.3.

ಎವಿಎಕ್ಸ್ ಎಂದರೆ ಒಂದೇ ಏಟಿಗೆ ಹಲವು ಸಂಖ್ಯೆಗಳ ಲೆಕ್ಕ ಮಾಡುವ, ಪ್ರೊಸೆಸರಿನೊಳಗಿನ ಒಂದು ಸೌಲಭ್ಯ. ಇಂಟೆಲ್ ಮತ್ತು ಎಎಂಡಿ ಎರಡೂ 2011ರಿಂದ ಕೊಡುತ್ತಿವೆ. “ನನ್ನ ಲ್ಯಾಪ್‌ಟಾಪ್ 2018ರದ್ದು, ಹಾಗಾದ್ರೆ ಇದ್ದೇ ಇರುತ್ತೆ” ಅಂದುಕೊಳ್ಳಬೇಡಿ. ಇಲ್ಲೇ ಜಾಸ್ತಿ ಜನ ಎಡವುವುದು. ಕೋರ್ ಐ3, ಐ5, ಐ7ಗಳಲ್ಲಿ ಎವಿಎಕ್ಸ್ ಇತ್ತು ನಿಜ. ಆದರೆ ಪೆಂಟಿಯಂ, ಸೆಲೆರಾನ್ ಹೆಸರಿನ ಅಗ್ಗದ ಪ್ರೊಸೆಸರುಗಳಲ್ಲಿ ಇಂಟೆಲ್ ಅದನ್ನು ವರ್ಷಗಟ್ಟಲೆ ಮುಚ್ಚಿಯೇ ಇಟ್ಟಿತ್ತು. ಕಾಲೇಜಿಗೆ ಅಂತ ಕೊಡಿಸಿದ ಸೆಲೆರಾನ್ ಲ್ಯಾಪ್‌ಟಾಪ್ ಎಷ್ಟು ಹೊಸದಾಗಿ ಕಂಡರೂ ಒಮ್ಮೆ ಪರೀಕ್ಷಿಸಿ. ಸಿಪಿಯು-ಝಡ್ ಎಂಬ ಉಚಿತ ತಂತ್ರಾಂಶ ತೆರೆದರೆ ಮೊದಲ ಪುಟದಲ್ಲೇ ‘ಇನ್‌ಸ್ಟ್ರಕ್ಷನ್ಸ್’ ಅಂತ ಒಂದು ಸಾಲು ಇದೆ. ಅದರಲ್ಲಿ ಎವಿಎಕ್ಸ್ ಇರಬೇಕು. ಇಲ್ಲದಿದ್ದರೆ ರ‍್ಯಾಮ್ ಹೆಚ್ಚಿಸಿದರೂ ಅಷ್ಟೇ, ಎಸ್‌ಎಸ್‌ಡಿ ಹಾಕಿಸಿದರೂ ಅಷ್ಟೇ.

ಇನ್ನು ಓಪನ್‌ಜಿಎಲ್. ಇದು ಆಟ ಮತ್ತು ಗ್ರಾಫಿಕ್ಸ್ ಚಿಪ್ ಮಾತಾಡಿಕೊಳ್ಳುವ ಒಂದು ಒಪ್ಪಂದ. ಇಲ್ಲಿ 4.3 ಅಥವಾ ಅದಕ್ಕಿಂತ ಮೇಲಿನ ಆವೃತ್ತಿ ಬೇಕು. ಬೇರೆ ಗ್ರಾಫಿಕ್ಸ್ ಕಾರ್ಡ್ ಇಲ್ಲದೆ ಇಂಟೆಲ್ ಚಿಪ್ಪಿನೊಳಗಿನದ್ದನ್ನೇ ನಂಬಿದ್ದರೆ ಕೋರ್ ಸರಣಿಯ ಎಷ್ಟನೇ ತಲೆಮಾರು ಅಂತ ನೋಡಿ. ಎರಡು ಮತ್ತು ಮೂರನೇ ತಲೆಮಾರಿಗೆ ವಿಂಡೋಸಿನಲ್ಲಿ 4.3 ಸಿಗುವುದಿಲ್ಲ. ಮೂರನೆಯದರ ಎಚ್‌ಡಿ 4000 ಚಿಪ್ 4.0ಕ್ಕೇ ನಿಲ್ಲುತ್ತದೆ. ನಾಲ್ಕನೇ ತಲೆಮಾರಿನಿಂದ ಸರಿ. ಬೆಂಗಳೂರಿನ ಎಸ್‌.ಪಿ. ರಸ್ತೆಯಂಥ ಕಡೆ ಸೆಕೆಂಡ್‌ಹ್ಯಾಂಡ್ ಕಂಪ್ಯೂಟರ್ ಕೊಳ್ಳುವವರು ಈ ಒಂದು ವಿಷಯ ಕೇಳಿಯೇ ಕೊಳ್ಳಿ. ಪ್ರೊಸೆಸರಿನ ಹೆಸರಲ್ಲಿ ಐ5 ಆದ ಮೇಲೆ ಬರುವ ನಾಲ್ಕಂಕಿಯ ಸಂಖ್ಯೆ 3ರಿಂದ ಶುರುವಾದರೆ ಮೂರನೇ ತಲೆಮಾರು, 4ರಿಂದ ಶುರುವಾದರೆ ನಾಲ್ಕನೆಯದು.

ಲ್ಯಾಪ್‌ಟಾಪಿನಲ್ಲಿ ಎರಡು ಗ್ರಾಫಿಕ್ಸ್ ಚಿಪ್ ಇದ್ದರೆ ವಿಂಡೋಸ್ ಸೆಟ್ಟಿಂಗ್ಸಿನಲ್ಲಿ ಡಿಸ್‌ಪ್ಲೇ, ಅದರೊಳಗೆ ಗ್ರಾಫಿಕ್ಸ್ ಎಂಬಲ್ಲಿಗೆ ಹೋಗಿ. ಅಲ್ಲಿ ಆಟಕ್ಕೆ ದೊಡ್ಡ ಚಿಪ್ ಆರಿಸಬೇಕು. ಇದನ್ನು ಆಟ ಹಾಕಿಕೊಂಡ ಮೇಲೆ ಮಾಡಿದರಾಯಿತು. ಪಟ್ಟಿಗೆ ಸೇರಿಸಬೇಕಾದ ಫೈಲಿನ ಹೆಸರು ಎರಡೇ ಅಕ್ಷರ, ‘ಜಿಕೆ’.

ಉಳಿದದ್ದು ಸಣ್ಣ ಲೆಕ್ಕ. ಹತ್ತು ಜಿಬಿ ಜಾಗ ಖಾಲಿ ಇಟ್ಟುಕೊಳ್ಳಿ. ರ‍್ಯಾಮ್ 8 ಜಿಬಿ ಇದ್ದರೆ ನಿರಾಳ. ಆಟ ಆಡಲು ಅಷ್ಟು ಬೇಡ, ಡಿಕಂಪೈಲ್ ಆಗುವಾಗ ಬೇಕಾಗುತ್ತದೆ.

ಹಂತ 2: ಯಾವ ಡಿಸ್ಕ್ ಆಗುತ್ತದೆ, ಯಾವುದು ಆಗುವುದಿಲ್ಲ

ಓಪನ್‌ಗೋಲ್ ಡೌನ್‌ಲೋಡ್ ಮಾಡಿದರೆ ಅದರಲ್ಲಿ ಆಟ ಇರುವುದಿಲ್ಲ. ಚಿತ್ರ, ಸಂಗೀತ, ಮಾತು, ಊರು, ಬೆಟ್ಟ, ಯಾವುದೂ ಇಲ್ಲ. ಅವೆಲ್ಲ ನಿಮ್ಮ ಡಿಸ್ಕಿನಿಂದಲೇ ಬರಬೇಕು. ‘ಎಲ್ಲ ಸೇರಿಸಿ ಕೊಟ್ಟಿದ್ದೇವೆ, ಡೌನ್‌ಲೋಡ್ ಮಾಡಿ ಆಡಿ’ ಅಂತ ಯಾರಾದರೂ ಒಂದೇ ಫೈಲ್ ಕೊಟ್ಟರೆ ಅದು ಕದ್ದ ಮಾಲು, ಜೊತೆಗೆ ವೈರಸ್ ಇದ್ದರೂ ಆಶ್ಚರ್ಯವಿಲ್ಲ. ಮುಟ್ಟಬೇಡಿ.

ಬೇಕಾದದ್ದು ಅಸಲಿ ಪಿಎಸ್‌2 ಡಿಸ್ಕ್. ಅದರ ಮೇಲೆ ಸಣ್ಣ ಅಕ್ಷರದಲ್ಲಿ ಒಂದು ಸಂಖ್ಯೆ ಇರುತ್ತದೆ. ಅಮೆರಿಕದ್ದಾದರೆ ಎಸ್‌ಸಿಯುಎಸ್ 97124. ಯುರೋಪಿನದ್ದಾದರೆ (ಇದಕ್ಕೆ ಪಾಲ್ ಡಿಸ್ಕ್ ಎನ್ನುತ್ತಾರೆ) ಎಸ್‌ಸಿಇಎಸ್ 50361. ಎರಡೂ ನಡೆಯುತ್ತವೆ.

ನಡೆಯದವು ಇವು. ಪಿಎಸ್‌3ಗೆ ಬಂದ ಎಚ್‌ಡಿ ಕಲೆಕ್ಷನ್ ಆಗುವುದಿಲ್ಲ, ಅದರೊಳಗಿನ ಸಾಮಗ್ರಿಯೇ ಬೇರೆ. ಪಿಎಸ್‌4ರಲ್ಲಿ ಕೊಂಡ ಡಿಜಿಟಲ್ ಪ್ರತಿಯೂ ಇಲ್ಲಿ ಉಪಯೋಗಕ್ಕೆ ಬರುವುದಿಲ್ಲ. ಇನ್ನು ಮೂರನೆಯದು ನಮ್ಮೂರಿನ ವಿಶೇಷ. ಚಿಪ್ ಹಾಕಿಸಿದ ಪಿಎಸ್‌2 ಇಟ್ಟುಕೊಂಡು, ಮಾರ್ಕರ್ ಪೆನ್ನಲ್ಲಿ ಹೆಸರು ಗೀಚಿದ ಕಾಪಿ ಡಿಸ್ಕ್ ತಂದು ಆಡಿದವರು ನಾವು, ಅಲ್ವಾ? ಆ ಡಿಸ್ಕುಗಳನ್ನು ಎಣಿಸಲೇಬೇಡಿ. ಕಾನೂನಿನ ಮಾತು ಪಕ್ಕಕ್ಕಿಟ್ಟರೂ, ಅವುಗಳಲ್ಲಿ ಒಳಗಿನ ಫೈಲುಗಳನ್ನು ಮುಟ್ಟಿ ಬದಲಾಯಿಸಿರುವ ಸಾಧ್ಯತೆ ಇದೆ. ಅಂಥದ್ದನ್ನು ಓಪನ್‌ಗೋಲ್ ಒಪ್ಪುವುದಿಲ್ಲ.

ಕಾನೂನಿನ ಬಗ್ಗೆ ಕೇಳುವವರಿಗೆ: ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಸೆಕ್ಷನ್ನಿನಲ್ಲಿ, ಸರಿಯಾದ ದಾರಿಯಲ್ಲಿ ಪಡೆದ ಕಂಪ್ಯೂಟರ್ ಪ್ರೋಗ್ರಾಮ್ ಹಾಳಾದೀತು ಎಂದು ಬ್ಯಾಕಪ್ ಪ್ರತಿ ಮಾಡಿಟ್ಟುಕೊಳ್ಳಲು ಅವಕಾಶ ಇದೆ. ನಾನು ವಕೀಲನಲ್ಲ. ನಿಮ್ಮ ಡಿಸ್ಕ್, ನಿಮ್ಮ ಪ್ರತಿ, ನಿಮ್ಮ ಕಂಪ್ಯೂಟರ್. ಆ ಪ್ರತಿಯನ್ನು ಗೆಳೆಯರಿಗೆ ಹಂಚಬೇಡಿ.

ಹಂತ 3: ಡಿಸ್ಕಿನಿಂದ ಐಎಸ್‌ಒ ಮಾಡಿ

ಐಎಸ್‌ಒ ಎಂದರೆ ಇಡೀ ಡಿಸ್ಕಿನ ಅಚ್ಚು, ಒಂದೇ ಫೈಲಿನಲ್ಲಿ. ಡಿಸ್ಕ್ ತೆರೆದು ಒಳಗಿನ ಫೈಲುಗಳನ್ನು ಒಂದು ಫೋಲ್ಡರಿಗೆ ಎಳೆದು ಹಾಕಿಕೊಂಡರೆ ಅದು ಐಎಸ್‌ಒ ಆಗುವುದಿಲ್ಲ.

ಈಗಿನ ಲ್ಯಾಪ್‌ಟಾಪುಗಳಲ್ಲಿ ಡಿವಿಡಿ ಡ್ರೈವ್ ಇರುವುದಿಲ್ಲ. ಯುಎಸ್‌ಬಿಗೆ ಚುಚ್ಚುವ ಡ್ರೈವ್ ಸಾಕು. ಯಾರ ಹತ್ತಿರವಾದರೂ ಇದ್ದರೆ ಒಂದು ದಿನದ ಮಟ್ಟಿಗೆ ಕೇಳಿ ತನ್ನಿ, ಇದೊಂದಕ್ಕೇ ಕೊಳ್ಳುವುದು ದಂಡ.

ಮೊದಲು ಡಿಸ್ಕ್ ಒರೆಸಿ. ಕನ್ನಡಕ ಒರೆಸುವ ಮೆತ್ತನೆ ಬಟ್ಟೆ ತೆಗೆದುಕೊಳ್ಳಿ. ನಡುವಿನ ತೂತಿನಿಂದ ಅಂಚಿನ ಕಡೆಗೆ ನೇರವಾಗಿ ಒರೆಸಬೇಕು, ದೋಸೆ ಹುಯ್ದ ಹಾಗೆ ಸುತ್ತಿಸಬಾರದು. ಡಿಸ್ಕಿನ ಮಾಹಿತಿ ಸುರುಳಿಯಾಗಿ ಕೂತಿರುತ್ತದೆ. ಸುತ್ತಿಸಿ ಒರೆಸುವಾಗ ಗೀರು ಬಿದ್ದರೆ ಅದು ಸುರುಳಿಯ ಉದ್ದಕ್ಕೂ ಬೀಳುತ್ತದೆ, ಒಂದೇ ಕಡೆ ಬಹಳಷ್ಟು ಮಾಹಿತಿ ಹೋಗುತ್ತದೆ. ನೇರ ಗೀರಾದರೆ ಅಲ್ಲಲ್ಲಿ ಚೂರುಚೂರು ಹೋಗುತ್ತದೆ. ಅಷ್ಟನ್ನು ಡ್ರೈವ್ ಸಾಮಾನ್ಯವಾಗಿ ಸರಿಮಾಡಿಕೊಳ್ಳುತ್ತದೆ.

ವಿಂಡೋಸಿನಲ್ಲಿ ಇಮ್‌ಗ್‌ಬರ್ನ್ ಎಂಬ ಉಚಿತ ತಂತ್ರಾಂಶ ಬಳಸಿ. ‘ಡಿಸ್ಕಿನಿಂದ ಇಮೇಜ್ ಫೈಲ್ ಮಾಡು’ ಎಂಬ ಅರ್ಥದ ಗುಂಡಿ ಒತ್ತಿ, ಎಲ್ಲಿ ಉಳಿಸಬೇಕು ಅಂತ ತೋರಿಸಿ, ಓದುವ ವೇಗವನ್ನು ಕಡಿಮೆ ಇಡಿ. ಲಿನಕ್ಸಿನವರಿಗೆ ಡಿಡಿ ಆದೇಶ ಗೊತ್ತೇ ಇರುತ್ತದೆ. ಒಂದು ಕಾಫಿ ಕುಡಿದು ಬನ್ನಿ.

ಮಧ್ಯದಲ್ಲಿ ‘ಓದಲಾಗುತ್ತಿಲ್ಲ’ ಎಂಬ ದೋಷ ಬಂದರೆ ‘ಬಿಟ್ಟು ಮುಂದೆ ಹೋಗು’ ಅಂತ ಒತ್ತಬೇಡಿ. ನಾನು ಮಾಡಿದ ತಪ್ಪು ಅದೇ. ಹಳೇ ಸಾಮಾನಿನ ಅಂಗಡಿಯಿಂದ ತಂದ ಡಿಸ್ಕಿನಲ್ಲಿ ಎರಡು ಕಡೆ ಮಾತ್ರ ದೋಷ ಬಂತು. ಎರಡು ತಾನೇ ಅಂತ ಮುಂದೆ ಹೋದೆ. ಐಎಸ್‌ಒ ಏನೋ ತಯಾರಾಯಿತು, ಗಾತ್ರವೂ ಸರಿಯಾಗಿಯೇ ಇತ್ತು. ಆದರೆ ಓಪನ್‌ಗೋಲ್ ಅದನ್ನು ಬಾಗಿಲಲ್ಲೇ ತಡೆಯಿತು. ಗಾತ್ರ ನೋಡಿ ಪ್ರತಿ ಸರಿ ಇದೆ ಅಂತ ತೀರ್ಮಾನಿಸಲಾಗುವುದಿಲ್ಲ. ಮತ್ತೆ ಒರೆಸಿ, ವೇಗ ಇನ್ನೂ ಇಳಿಸಿ ನೋಡಿ. ಆಗಲೂ ಆಗದಿದ್ದರೆ ಬೇರೆ ಡ್ರೈವಿನಲ್ಲಿ ಹಾಕಿ. ಒಂದು ಡ್ರೈವ್ ಓದದ ಡಿಸ್ಕನ್ನು ಇನ್ನೊಂದು ಸಲೀಸಾಗಿ ಓದುವುದು ಎಷ್ಟೋ ಸಲ ಆಗಿದೆ. ನನಗೆ ಹಳೇ ಡೆಸ್ಕ್‌ಟಾಪಿನ ದಪ್ಪ ಡ್ರೈವ್ ಕೈಹಿಡಿಯಿತು.

ಹಂತ 4: ಲಾಂಚರ್ ಹಾಕಿ

ಲಾಂಚರ್ ಎಂದರೆ ಉಳಿದ ಎಲ್ಲ ಕೆಲಸವನ್ನೂ ಮಾಡಿಕೊಡುವ ಮೇಸ್ತ್ರಿ. ಓಪನ್‌ಗೋಲ್ ಡಾಟ್ ಡೆವ್ ಎಂಬ ಅಧಿಕೃತ ತಾಣದಿಂದ ಮಾತ್ರ ಇಳಿಸಿಕೊಳ್ಳಿ. ತೆರೆದ ತಕ್ಷಣ ಎಲ್ಲಿ ಹಾಕಬೇಕು ಅಂತ ಕೇಳುತ್ತದೆ.

ಇಲ್ಲಿ ಎರಡು ಎಚ್ಚರಿಕೆ. ಫೋಲ್ಡರಿನ ಹೆಸರು ಇಂಗ್ಲಿಷ್ ಅಕ್ಷರದಲ್ಲಿ, ಚಿಕ್ಕದಾಗಿ ಇರಲಿ. ‘ನನ್ನ ಆಟಗಳು’ ಅಂತ ಕನ್ನಡದಲ್ಲಿ ಹೆಸರಿಡುವ ಆಸೆ ನನಗೂ ಇದೆ, ಆದರೆ ಇಂಥ ತಂತ್ರಾಂಶಗಳ ಜೊತೆ ಆ ಪ್ರಯೋಗ ಬೇಡ. ಎರಡನೆಯದು, ಡೆಸ್ಕ್‌ಟಾಪಿನ ಮೇಲೋ ಒನ್‌ಡ್ರೈವ್ ನೋಡಿಕೊಳ್ಳುವ ಫೋಲ್ಡರಿನಲ್ಲೋ ಇಡಬೇಡಿ. ಸಾವಿರಾರು ಸಣ್ಣ ಫೈಲುಗಳು ಹುಟ್ಟುತ್ತವೆ. ಅವನ್ನೆಲ್ಲ ಒನ್‌ಡ್ರೈವ್ ಇಂಟರ್‌ನೆಟ್ಟಿಗೆ ಕಳಿಸುತ್ತಾ ಕೂರುತ್ತದೆ, ನಿಮ್ಮ ಡೇಟಾನೂ ಹೋಗುತ್ತದೆ.

ಹಂತ 5: ಐಎಸ್‌ಒ ಕೊಡಿ, ಕಾಯಿರಿ

ಲಾಂಚರಿನಲ್ಲಿ ಮೊದಲ ಜ್ಯಾಕ್ ಆಟ ಆರಿಸಿ, ಐಎಸ್‌ಒ ಎಲ್ಲಿದೆ ಅಂತ ತೋರಿಸಿ. ಆಮೇಲೆ ಒಂದರ ಹಿಂದೆ ಒಂದು ಕೆಲಸ ತಾನಾಗಿಯೇ ನಡೆಯುತ್ತದೆ:

1. ಐಎಸ್‌ಒದ ಒಳಗಿನ ಫೈಲುಗಳನ್ನು ಹೊರತೆಗೆದು, ಹ್ಯಾಶ್ ನೋಡುತ್ತದೆ. ಹ್ಯಾಶ್ ಎಂದರೆ ಫೈಲಿನ ಬೆರಳಚ್ಚು. ಒಳಗೆ ಒಂದೇ ಒಂದು ಅಕ್ಷರ ಆಚೀಚೆ ಆದರೂ ಬೆರಳಚ್ಚು ಬೇರೆಯೇ ಆಗುತ್ತದೆ.
2. ಡಿಕಂಪೈಲ್ ಮಾಡುತ್ತದೆ. ಚಿತ್ರ, ಸದ್ದು, ಊರುಗಳ ವಿನ್ಯಾಸ ಎಲ್ಲ ಇಲ್ಲಿ ಬಿಚ್ಚಿಕೊಳ್ಳುತ್ತದೆ.
3. ಕಂಪೈಲ್ ಮಾಡುತ್ತದೆ. ಗೋಲ್ ಭಾಷೆಯ ಕೋಡ್ ನಿಮ್ಮ ಪ್ರೊಸೆಸರಿಗೆ ತಕ್ಕಂತೆ ತಯಾರಾಗುತ್ತದೆ.
4. ಆಡುವ ಗುಂಡಿ ಕಾಣಿಸುತ್ತದೆ.

ಎಲ್ಲಿ ನಿಂತಿತು ಎಂಬುದರ ಮೇಲೆ ಕಾರಣ ಗೊತ್ತಾಗುತ್ತದೆ. ಮೊದಲನೆಯದರಲ್ಲೇ ನಿಂತರೆ ದೋಷ ನಿಮ್ಮ ಐಎಸ್‌ಒದ್ದು, ಹಂತ 3ಕ್ಕೆ ವಾಪಸ್ ಹೋಗಿ. ಲಾಂಚರನ್ನು ಅಳಿಸಿ ಮತ್ತೆ ಹಾಕುವುದರಿಂದ ಏನೂ ಆಗುವುದಿಲ್ಲ. ಎರಡನೆಯದರಲ್ಲಿ ನಿಂತರೆ ಮೊದಲು ರ‍್ಯಾಮ್ ಮೇಲೆ ಅನುಮಾನ ಪಡಿ. ಬ್ರೌಸರಿನ ಮೂವತ್ತು ಟ್ಯಾಬ್ ಮುಚ್ಚಿ ಮತ್ತೆ ಶುರುಮಾಡಿ. ಎಲ್ಲ ಮುಗಿದು, ಆಡು ಅಂತ ಒತ್ತಿದ ಕೂಡಲೇ ಕಿಟಕಿ ಕಂಡು ಮಾಯವಾದರೆ ಗ್ರಾಫಿಕ್ಸ್ ಡ್ರೈವರ್ ಹಳೆಯದು ಅಥವಾ ಆಟ ಸಣ್ಣ ಚಿಪ್ಪನ್ನು ಹಿಡಿದುಕೊಂಡಿದೆ ಅಂತ ಅರ್ಥ. ಕೆಲವೊಮ್ಮೆ ಆಂಟಿವೈರಸ್ ಮಧ್ಯೆ ಬಾಯಿ ಹಾಕಿ ಒಂದು ಫೈಲನ್ನು ಎತ್ತಿ ಬಚ್ಚಿಟ್ಟಿರುತ್ತದೆ, ಅದರ ಪಟ್ಟಿಯನ್ನೂ ನೋಡಿ.

ಹಂತ 6: ಆಟದೊಳಗಿನ ಸೆಟ್ಟಿಂಗ್ಸ್

ಪಿಎಸ್‌2ರ ಪ್ರೊಸೆಸರ್ 294 ಮೆಗಾಹರ್ಟ್ಸ್‌ನದ್ದು, ಮೆಮೊರಿ 32 ಎಂಬಿ. ಅಷ್ಟರಲ್ಲೇ ಆಟದೊಳಗಿನ ಸಾಂಡೋವರ್ ಹಳ್ಳಿಯಿಂದ ಕಾಡಿಗೆ, ಕಡಲ ತೀರಕ್ಕೆ, ‘ಲೋಡಿಂಗ್’ ಪರದೆ ಇಲ್ಲದೆ ನಡೆದುಕೊಂಡು ಹೋಗಬಹುದಿತ್ತು. ಅದಕ್ಕಾಗಿ ಅವರು ಒಂದು ಉಪಾಯ ಮಾಡಿದ್ದರು. ದೂರದ ಗುಡ್ಡ, ಮನೆಗಳನ್ನು ಒರಟಾಗಿ ಬರೆದು, ಹತ್ತಿರ ಹೋದಂತೆ ನಯವಾಗಿ ತೋರಿಸುವುದು. ಈಗಿನ ಕಂಪ್ಯೂಟರಿಗೆ ಆ ಜಿಪುಣತನ ಬೇಕಿಲ್ಲ. ಗ್ರಾಫಿಕ್ಸ್ ಆಯ್ಕೆಗಳಲ್ಲಿ ಪಿಎಸ್‌2ಗೆ ಸಂಬಂಧಿಸಿದ ಒಂದು ಭಾಗ ಇದೆ. ವಿವರದ ಮಟ್ಟ ಅಲ್ಲಿ ಮೇಲಿನದ್ದೇ ಇರಲಿ. ಹಳ್ಳಿಯ ಕಡಲ ದಂಡೆಯಲ್ಲಿ ನಿಂತು ದೂರ ನೋಡಿ. ಪಿಎಸ್‌2ರಲ್ಲಿ ಹಿಟ್ಟಿನ ಮುದ್ದೆಯ ಹಾಗೆ ಕಾಣುತ್ತಿದ್ದದ್ದಕ್ಕೆ ಈಗ ಅಂಚು, ಮೂಲೆ ಎಲ್ಲ ಇದೆ.

ನನ್ನ ಆಯ್ಕೆ ಹೇಳುತ್ತೇನೆ. ಪರದೆಯ ಅಳತೆ ನಿಮ್ಮ ಮಾನಿಟರಿನದ್ದೇ ಇರಲಿ. ಆಕಾರ 16:9. ಎಂಎಸ್‌ಎಎ, ಅಂದರೆ ಮೆಟ್ಟಿಲು ಮೆಟ್ಟಿಲಾಗಿ ಕಾಣುವ ಅಂಚುಗಳನ್ನು ನಯ ಮಾಡುವ ಸೌಲಭ್ಯ, ನಾಲ್ಕು ಪಟ್ಟು ಇಡಿ. ಇಂಟೆಲ್ ಚಿಪ್ ಆದರೆ ಎರಡು ಪಟ್ಟು ಸಾಕು, ಏದುಸಿರು ಬಿಟ್ಟರೆ ತೆಗೆದೇ ಬಿಡಿ. ವಿಸಿಂಕ್ ಹಾಕಿಡಿ, ಚಿತ್ರ ಅಡ್ಡಕ್ಕೆ ಹರಿದಂತೆ ಕಾಣುವುದು ನಿಲ್ಲುತ್ತದೆ.

ಫ್ರೇಮ್ ರೇಟ್, ಅಂದರೆ ಸೆಕೆಂಡಿಗೆ ಎಷ್ಟು ಚಿತ್ರ ಅನ್ನುವುದು, 60ರಲ್ಲೇ ಇರಲಿ. ಅದಕ್ಕಿಂತ ಮೇಲಿನ ಆಯ್ಕೆಗಳೂ ಇವೆ, ಆದರೆ ಅವು ಪ್ರಾಯೋಗಿಕ. ಮೂಲ ಆಟವೇ 60ಕ್ಕೆ ಅಂತ ಬರೆದದ್ದು, ಜಿಗಿತ, ಬೀಳು, ಗುದ್ದು ಎಲ್ಲದರ ಲೆಕ್ಕ ಅದರ ಮೇಲೆ ನಿಂತಿದೆ. 144 ಹರ್ಟ್ಸ್ ಮಾನಿಟರ್ ಕೊಂಡವರಿಗೆ ಈ ಮಾತು ರುಚಿಸುವುದಿಲ್ಲ, ಗೊತ್ತು. ಒಮ್ಮೆ ಪೂರ್ತಿ ಆಡಿ ಮುಗಿಸಿದ ಮೇಲೆ ಬೇಕಾದರೆ ಪ್ರಯೋಗ ಮಾಡಿ.

ಸಬ್‌ಟೈಟಲ್ ಹಾಕಿಕೊಳ್ಳಿ. ಅಮೆರಿಕದ ಮೂಲ ಆಟದಲ್ಲಿ ಕತೆಯ ದೃಶ್ಯಗಳಿಗೆ ಇದು ಇರಲೇ ಇಲ್ಲ, ಓಪನ್‌ಗೋಲ್‌ನವರು ಕೂತು ಸೇರಿಸಿದ್ದು. ಡ್ಯಾಕ್ಸ್‌ಟರ್ ಬಡಬಡ ಅನ್ನುವ ವೇಗಕ್ಕೆ ನಮಗಂತೂ ದೊಡ್ಡ ಉಪಕಾರ.

ಹೊಸ ಟೆಕ್ಸ್‌ಚರ್ ಪ್ಯಾಕ್, ಅಂದರೆ ಗೋಡೆ, ನೆಲ, ಬಟ್ಟೆಗಳ ಮೇಲಿನ ಚಿತ್ರಗಳನ್ನು ಬದಲಾಯಿಸುವ ಕಟ್ಟು, ಮೊದಲ ದಿನವೇ ಹಾಕಬೇಡಿ. ಅದು ಬೇಡ ಎನ್ನಲು ನನಗೆ ಎರಡು ಕಾರಣ ಇವೆ. ಏನಾದರೂ ಕೆಟ್ಟರೆ ದೋಷ ಆಟದ್ದೋ ಪ್ಯಾಕಿನದ್ದೋ ಗೊತ್ತಾಗುವುದಿಲ್ಲ. ಇನ್ನೊಂದು, ಸುಮ್ನೆ ನನ್ನ ರುಚಿ: ಮೂಲದ ಕೈಬಣ್ಣದ ಚೆಲುವು ಆ ಮಿರಮಿರ ಮಿಂಚುವ ಚಿತ್ರಗಳಲ್ಲಿ ಇಲ್ಲ.

ಹಂತ 7: ಕಂಟ್ರೋಲರ್

ಕೀಬೋರ್ಡಿನಲ್ಲಿ ಆಡಬಹುದು, ಆದರೆ ಬೇಡ. ಈ ಆಟದಲ್ಲಿ ನಿಧಾನಕ್ಕೆ ನಡೆಯುವುದು, ಓಡುವುದು ಎಲ್ಲ ಕಂಟ್ರೋಲರಿನ ಕೋಲನ್ನು, ಅಂದರೆ ಸ್ಟಿಕ್ಕನ್ನು, ಎಷ್ಟು ಒತ್ತುತ್ತೀರಿ ಅನ್ನುವುದರ ಮೇಲೆ ಇದೆ. ಪಿಎಸ್‌4 ಕಂಟ್ರೋಲರ್ ಇದ್ದರೆ ಯುಎಸ್‌ಬಿ ತಂತಿ ಚುಚ್ಚಿ, ಮುಗಿಯಿತು.

ಪಿಎಸ್‌2ರ ಹಳೇ ಕಂಟ್ರೋಲರನ್ನೇ ಯುಎಸ್‌ಬಿ ಅಡಾಪ್ಟರ್ ಹಾಕಿ ಬಳಸುವವರಿಗೆ ಒಂದು ಸೂಚನೆ. ಜ್ಯಾಕ್ ಅಲುಗಾಡದೆ ನಿಂತಿದ್ದರೆ ಅಥವಾ ಎಂಟೇ ದಿಕ್ಕಿಗೆ ತಿರುಗುತ್ತಿದ್ದರೆ, ನಡುವೆ ಇರುವ ‘ಅನಲಾಗ್’ ಎಂಬ ಸಣ್ಣ ಗುಂಡಿ ಒತ್ತಿ. ಕೆಂಪು ದೀಪ ಹತ್ತಬೇಕು. ಅಗ್ಗದ ಅಡಾಪ್ಟರುಗಳಲ್ಲಿ ಚೌಕ, ತ್ರಿಕೋನದ ಗುಂಡಿಗಳು ಅದಲುಬದಲಾಗುವುದೂ ಉಂಟು. ಇನ್‌ಪುಟ್ ಆಯ್ಕೆಗಳಲ್ಲಿ ಒಂದೊಂದನ್ನೇ ಮತ್ತೆ ಹೊಂದಿಸಬಹುದು. ಕ್ಯಾಮೆರಾ ಉಲ್ಟಾ ತಿರುಗುತ್ತದೆ ಅಂತ ದೂರುವವರು ಜಾಸ್ತಿ. ಆಗಿನ ಕಾಲದ ಪದ್ಧತಿ ಅದು, ಅದನ್ನೂ ಬದಲಾಯಿಸಬಹುದು.

ಹಂತ 8: ಸೇವ್ ಫೈಲ್ ಮತ್ತು ಹೊಸ ಆವೃತ್ತಿ

ಆಟದಲ್ಲಿ ಕೂಡಿಹಾಕಬೇಕಾದ 101 ಪವರ್ ಸೆಲ್, 2000 ಆರ್ಬ್ ಹುಡುಕುವುದು ಒಂದು ಭಾನುವಾರದ ಕೆಲಸವಲ್ಲ. ಹಾಗಾಗಿ ಸೇವ್ ಫೈಲನ್ನು ಜೋಪಾನ ಮಾಡಿ. ಲಾಂಚರಿನಲ್ಲಿ ಸೆಟ್ಟಿಂಗ್ಸ್ ಮತ್ತು ಸೇವ್ ಇರುವ ಫೋಲ್ಡರ್ ತೆರೆಯುವ ಆಯ್ಕೆ ಇದೆ. ಆಗಾಗ ಅದನ್ನು ಪೆನ್‌ಡ್ರೈವಿಗೆ ಹಾಕಿಕೊಳ್ಳಿ. ಇದು ಆಟ ಹಾಕಿದ ಫೋಲ್ಡರಿನಲ್ಲಿ ಇರುವುದಿಲ್ಲ, ಬೇರೆ ಕಡೆ ಇರುತ್ತದೆ. ಆಟದ ಫೋಲ್ಡರನ್ನೇ ಕಾಪಿ ಮಾಡಿಟ್ಟು, ವಿಂಡೋಸ್ ಹೊಸದಾಗಿ ಹಾಕಿಸಿದ ಮೇಲೆ ಸೇವ್ ಹೋಯಿತು ಅಂತ ಅತ್ತವರು ಇದ್ದಾರೆ.

ಹೊಸ ಆವೃತ್ತಿ ಬಂದಾಗ ಡಿಕಂಪೈಲ್, ಕಂಪೈಲ್ ಎರಡೂ ಇನ್ನೊಮ್ಮೆ ಆಗುತ್ತವೆ. ಗಾಬರಿ ಬೇಡ, ಸೇವ್‌ಗೆ ಏನೂ ಆಗುವುದಿಲ್ಲ. ಆದರೂ ಅಪ್‌ಡೇಟ್ ಒತ್ತುವ ಮುಂಚೆ ಒಂದು ಪ್ರತಿ ತೆಗೆದಿಡಿ. ಐಎಸ್‌ಒ ಫೈಲನ್ನೂ ಜಾಗ ಸಾಲದು ಅಂತ ಅಳಿಸಬೇಡಿ, ಆ ಡ್ರೈವನ್ನು ಮತ್ತೆ ಕೇಳಿಕೊಂಡು ಹೋಗಬೇಕಾದೀತು.

‘ಜ್ಯಾಕ್ 2’ ಕೂಡ ಇದೇ ಲಾಂಚರಿನಲ್ಲಿ ಇದೇ ರೀತಿ ಹಾಕಬಹುದು, ಅದಕ್ಕೆ ಅದರದೇ ಡಿಸ್ಕ್ ಬೇಕು. ಮಕ್ಕಳ ಜೊತೆ ಕೂತು ಆಡುವವರಾದರೆ ಮೊದಲನೆಯದನ್ನೇ ಹಾಕಿ. ಎರಡನೆಯದರಲ್ಲಿ ಬಂದೂಕು ಬರುತ್ತದೆ, ಕಷ್ಟವೂ ಜಾಸ್ತಿ.